ಸಂಪಾದಕರ ಉತ್ತರ: ಹಳೆಯ ಚಿತ್ರಕ್ಕೆ ಹೊಸ ಬಣ್ಣ ಬೇಕೆ?

ಶಿವಮೊಗ್ಗದ ಓದುಗರೊಬ್ಬರ ಪ್ರಶ್ನೆ: '1906ರ ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟ್ ಚಲನಚಿತ್ರವನ್ನು ಬಣ್ಣ ತುಂಬಿ, ಸೆಕೆಂಡಿಗೆ 60 ಫ್ರೇಮಿಗೆ (ಬಿಡಿಚಿತ್ರಕ್ಕೆ) ಏರಿಸಿದ ರೂಪದಲ್ಲಿ ನೋಡಿದೆ. ಊರಿಗೆ ಜೀವ ಬಂದ ಹಾಗಿತ್ತು. ಕುಣಿದಾಡುವ ಕಪ್ಪು-ಬಿಳುಪನ್ನೇ ನೋಡಿ ಎಂದು ನೀವು ಹಟ ಹಿಡಿಯುವುದೇಕೆ?'

ಬಣ್ಣ ಕಂಡು ಎಳೆಯರು ಅತ್ತ ತಿರುಗುತ್ತಾರೆ, ಒಪ್ಪಿದೆ. ಆದರೆ ಇಷ್ಟು ಆಸ್ಥೆಯಿಂದ ನೋಡುವ ನೀವು ಅಲ್ಲಿಗೇ ನಿಲ್ಲಬಾರದು.

ಆ ಕುಣಿತ ಚಿತ್ರದ ದೋಷವಲ್ಲ, ಓಡಿಸುವವರದು. ಆಗಿನ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸಾಮಾನ್ಯವಾಗಿ ಸೆಕೆಂಡಿಗೆ ಎರಡು ಸುತ್ತು, ಸುತ್ತಿಗೆ ಎಂಟು ಫ್ರೇಮು, ಒಟ್ಟು 16. ಅದನ್ನು ಮುಂದೆ ಸಿನಿಮಾಕ್ಕೆ ರೂಢಿಯಾದ 24ರಲ್ಲಿ ಓಡಿಸಿದರೆ ಎಲ್ಲರ ನಡಿಗೆಯೂ ಒಂದೂವರೆ ಪಟ್ಟು ಚುರುಕಾಗುತ್ತದೆ. ಪ್ರತಿ ಎರಡನೆಯ ಫ್ರೇಮನ್ನು ಎರಡು ಸಲ ಅಚ್ಚು ಹಾಕಿದರೆ ವೇಗ ಸರಿಹೋಗುತ್ತದೆ, ನಡಿಗೆ ಮಾತ್ರ ತೊದಲುತ್ತದೆ. ಇನ್ನು 60 ಫ್ರೇಮಿನಲ್ಲಿ ಕನಿಷ್ಠ 44 ಯಂತ್ರ ಊಹಿಸಿದ್ದು. ಗಾಡಿಚಕ್ರದ ಕಡ್ಡಿಗಳು ಕರಗುವುದು, ಒಬ್ಬರನ್ನೊಬ್ಬರು ದಾಟುವವರ ಕಾಲು ಬೆಸೆದುಕೊಳ್ಳುವುದು ಅದಕ್ಕೇ.

ಬಣ್ಣದ್ದು ಇನ್ನೂ ಕಷ್ಟ. ಆಗಿನ ಫಿಲ್ಮಿಗೆ ಕೆಂಪು ಬೆಳಕು ತಾಗುತ್ತಲೇ ಇರಲಿಲ್ಲ. ಕೆಂಪು ಕಪ್ಪಾಗಿ, ನೀಲಿ ಆಕಾಶ ಬಿಳುಚಿ ಮೂಡುತ್ತಿತ್ತು. ಕಪ್ಪಾಗಿ ಕಾಣುವ ಕೋಟು ನಿಜಕ್ಕೂ ಕಪ್ಪೋ ಕೆಂಪೋ, ಚಿತ್ರ ನೋಡಿ ಯಾರೂ ಹೇಳಲಾರರು.

ಇದೇ ಚಿತ್ರವನ್ನು ಬಹುಕಾಲ 1905ರದೆಂದು ನಂಬಿದ್ದರು. ಚಿತ್ರ ಇತಿಹಾಸಕಾರ ಡೇವಿಡ್ ಕೀನ್ ರಸ್ತೆಯಲ್ಲಿ ನಿಂತ ಮಳೆನೀರನ್ನು ಹವಾಮಾನ ದಾಖಲೆಯೊಂದಿಗೆ, ಕಾರಿನ ನಂಬರ್ ಪ್ಲೇಟನ್ನು ನೋಂದಣಿಯೊಂದಿಗೆ ತಾಳೆ ನೋಡಿ, 1906ರ ಏಪ್ರಿಲ್ 18ರ ಭೂಕಂಪಕ್ಕೆ ಕೆಲವೇ ದಿನ ಮುಂಚಿನದೆಂದು ತೋರಿಸಿಕೊಟ್ಟರು. ಸಂಚಾರ ದಟ್ಟವಾಗಿ ಕಾಣಲೆಂದು ಅವವೇ ಕಾರುಗಳು ಕ್ಯಾಮೆರಾದ ಮುಂದೆ ಸುತ್ತು ಹಾಕುತ್ತವೆ. ಅದು ಗೊತ್ತಾಗುವುದೂ ಇಂಥ ಸಣ್ಣ ಗುರುತುಗಳಿಂದಲೇ. ಫಿಲ್ಮಿನ ಕಾಳುಕಾಳನ್ನು ನಯಗೊಳಿಸುವ ಯಂತ್ರ ಮೊದಲು ನುಂಗುವುದು ಈ ಅಕ್ಷರ, ಅಂಕಿಗಳನ್ನೇ.

ನಮ್ಮೂರುಗಳಲ್ಲೂ ಇದೇ ರೋಗ. ಹಳೆಯ ಗುಡಿಯ ಕಲ್ಲುಕಂಬಕ್ಕೆ ಆಯಿಲ್ ಪೇಂಟ್ ಬಳಿದು ಜೀರ್ಣೋದ್ಧಾರವಾಯಿತು ಎನ್ನುತ್ತಾರೆ. ಉಳಿಯ ಗುರುತು, ಶಾಸನದ ಅಕ್ಷರ ಎಲ್ಲ ಬಣ್ಣದಡಿ ಮುಚ್ಚಿಹೋಗುತ್ತದೆ. ಹೊಳೆಯದ ಹಳತನ್ನು ಪ್ರೀತಿಸಲು ನಾವು ಮಕ್ಕಳಿಗೆ ಕಲಿಸಲೇ ಇಲ್ಲ ಎಂಬ ಸಂಕಟ ನನ್ನದು.

ಅಮೆರಿಕದ ಸರ್ಕಾರಿ ಗ್ರಂಥಾಲಯವಾದ ಲೈಬ್ರರಿ ಆಫ್ ಕಾಂಗ್ರೆಸ್ಸಿನಲ್ಲಿರುವ ಈ ಚಿತ್ರದ ಪ್ರತಿ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತದೆ. ಜನ ಓಡುವಂತೆ ಕಂಡರೆ ಪ್ಲೇಯರಿನ ವೇಗ 0.75ಕ್ಕೆ ಇಳಿಸಿ, ಸಾಲದಿದ್ದರೆ ಇನ್ನೂ ಸ್ವಲ್ಪ. ಗಾಡಿ ಎಳೆಯುವ ಕುದುರೆಯ ಹೆಜ್ಜೆ ನೋಡುತ್ತಿರಿ, ಅದು ಸಹಜವಾದಲ್ಲಿ ವೇಗ ಸರಿಯಾಯಿತು.