ಅವಧಿ ಮುಗಿದರೂ ಸಹಕಾರ ಸಂಘಕ್ಕೆ ಚುನಾವಣೆ ನಡೆಸದಿದ್ದರೆ ಸಂವಿಧಾನದ 97ನೇ ತಿದ್ದುಪಡಿಯ ಆಧಾರದಲ್ಲಿ ಹೈಕೋರ್ಟಿಗೆ ಹೋಗಬಹುದೇ?

ಹೈಕೋರ್ಟಿಗೆ ಖಂಡಿತ ಹೋಗಬಹುದು, ಆದರೆ ಆ ತಿದ್ದುಪಡಿಯನ್ನು ನೆಚ್ಚಿಕೊಂಡಲ್ಲ. ಅವಧಿ ಮುಗಿಯುವ ಮೊದಲೇ ಚುನಾವಣೆ ನಡೆಯಬೇಕೆಂದು ಅದು ಹೇಳಿತ್ತು, ನಿಜ. ಆದರೆ ರಾಜ್ಯಗಳ ಅನುಮೋದನೆ ಪಡೆದಿರಲಿಲ್ಲವೆಂದು 2021ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಅದರ ಸಹಕಾರ ಭಾಗವನ್ನು ಬಹುರಾಜ್ಯ ಸಂಘಗಳಿಗಷ್ಟೇ ಉಳಿಸಿತು. ಊರಿನ ಹಾಲಿನ ಸಂಘಕ್ಕೂ ಕೃಷಿ ಪತ್ತಿನ ಸಂಘಕ್ಕೂ ಅನ್ವಯಿಸುವುದು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ. ಅದರಂತೆ ಆಡಳಿತ ಮಂಡಳಿಯ ಅವಧಿ ಐದು ವರ್ಷ. ಚುನಾವಣೆ ನಡೆಸುವ ಹೊಣೆ ಸಹಕಾರ ಚುನಾವಣಾ ಪ್ರಾಧಿಕಾರದ್ದು.

ಮೊದಲು ಪ್ರಾಧಿಕಾರಕ್ಕೂ ಸಹಕಾರ ಸಂಘಗಳ ನಿಬಂಧಕರಿಗೂ (ರಿಜಿಸ್ಟ್ರಾರ್) ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಅವರು ಕದಲದಿದ್ದರೆ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ ಹಾಕಿ, ಚುನಾವಣೆಗೆ ನಿರ್ದೇಶನ ಕೋರಿ. ಮತದಾರರ ಪಟ್ಟಿಯಿಂದ ಹೆಸರು ಬಿಟ್ಟುಹೋಗಿದ್ದರೆ ತಡಮಾಡಲೇಬೇಡಿ: ಪ್ರಕ್ರಿಯೆ ಆರಂಭವಾದ ಮೇಲೆ ನ್ಯಾಯಾಲಯಗಳು ಸಾಮಾನ್ಯವಾಗಿ ಅದನ್ನು ತಡೆಯುವುದಿಲ್ಲ. ಫಲಿತಾಂಶದ ತಕರಾರು ಸಹಕಾರ ಸಂಘಗಳ ಕಾಯ್ದೆಯ 70ನೇ ಪ್ರಕರಣದಡಿ (ಸೆಕ್ಷನ್) ನಿಬಂಧಕರ ಮುಂದೆ ಹೋಗುತ್ತದೆ.