ಎಫ್‌ಐಆರ್ ದಾಖಲಾದ ಮಾತ್ರಕ್ಕೆ ಪಿಂಚಣಿ ತಡೆಯಬಹುದೇ?

ಪ್ರಶ್ನೆ: ಕಂದಾಯ ಇಲಾಖೆಯಲ್ಲಿ 33 ವರ್ಷ ಕೆಲಸ ಮಾಡಿ, ರಾಜಸ್ವ ನಿರೀಕ್ಷಕನಾಗಿ ನಿವೃತ್ತನಾಗಿ ಎಂಟು ತಿಂಗಳಾಯಿತು. ಬಗರ್‌ಹುಕುಂ (ಸರ್ಕಾರಿ ಜಮೀನಿನ ಅನಧಿಕೃತ ಸಾಗುವಳಿ) ಮಂಜೂರಾತಿಗೆ ನಾನು ಕೊಟ್ಟಿದ್ದ ಸ್ಥಳ ಪರಿಶೀಲನಾ ವರದಿ ಸುಳ್ಳೆಂದು ದೂರು ಬಂದು, ನಿವೃತ್ತಿಗೆ ಎರಡು ತಿಂಗಳಿರುವಾಗ ಪೊಲೀಸರು ಎಫ್‌ಐಆರ್ ದಾಖಲಿಸಿದ್ದಾರೆ. ದೋಷಾರೋಪ ಪಟ್ಟಿ ಇನ್ನೂ ಸಲ್ಲಿಕೆಯಾಗಿಲ್ಲ; ಅಮಾನತಾಗಲಿ ಇಲಾಖಾ ವಿಚಾರಣೆಯಾಗಲಿ ಇಲ್ಲ. ಆದರೂ ‘ಕ್ರಿಮಿನಲ್ ಕೇಸಿದೆ’ ಎಂದು ಕಚೇರಿಯವರು ಬಾಯಿಮಾತಿನಲ್ಲಿ ಹೇಳಿ, ಪಿಂಚಣಿ, ಗ್ರ್ಯಾಚುಟಿ, ಜಿಪಿಎಫ್ (ಸಾಮಾನ್ಯ ಭವಿಷ್ಯ ನಿಧಿ) ಮೂರನ್ನೂ ತಡೆದಿದ್ದಾರೆ. ಅಡಿಕೆ ಮಂಡಿಯಲ್ಲಿ ಮುಂಗಡ ಪಡೆದು ಮನೆ ನಡೆಸುತ್ತಿದ್ದೇನೆ. ಏನು ಮಾಡಲಿ?
– ಹೆಸರು ಬೇಡ, ತೀರ್ಥಹಳ್ಳಿ ತಾಲ್ಲೂಕು

ಉತ್ತರ: ಎಂಟು ತಿಂಗಳು ಬರಿಗೈಯಲ್ಲಿ ಕೂರಿಸಲು ನಿಮ್ಮ ಕಚೇರಿಗೆ ಯಾವ ನಿಯಮವೂ ಅಧಿಕಾರ ಕೊಟ್ಟಿಲ್ಲ. ನಿಮಗೆ ಅನ್ವಯವಾಗುವುದು ಕರ್ನಾಟಕ ನಾಗರಿಕ ಸೇವಾ ನಿಯಮಗಳ 214 ಮತ್ತು 214-ಎ. ನಿವೃತ್ತರು ಘೋರ ದುರ್ನಡತೆ ಅಥವಾ ನಿರ್ಲಕ್ಷ್ಯ ಎಸಗಿದ್ದಾರೆಂದು ಇಲಾಖಾ ವಿಚಾರಣೆಯಲ್ಲೋ ನ್ಯಾಯಾಲಯದಲ್ಲೋ ಸಾಬೀತಾದ ಮೇಲೆ ಪಿಂಚಣಿಯನ್ನು ಪೂರ್ಣವಾಗಿ ಅಥವಾ ಭಾಗಶಃ ತಡೆಯುವ ಅಧಿಕಾರವನ್ನು 214ನೇ ನಿಯಮ ಸರ್ಕಾರಕ್ಕೆ ನೀಡುತ್ತದೆ. ಸಾಬೀತಾಗುವವರೆಗಿನ ನಡುಗಾಲಕ್ಕೆಂದೇ 214-ಎ ಇದೆ: ನಡವಳಿಗಳು (ಇಲಾಖಾ ವಿಚಾರಣೆ ಅಥವಾ ನ್ಯಾಯಾಲಯದ ಪ್ರಕರಣ) ಬಾಕಿ ಇರುವಾಗ ತಾತ್ಕಾಲಿಕ ಪಿಂಚಣಿ ಕೊಡಬೇಕು, ಗ್ರ್ಯಾಚುಟಿಯನ್ನು ಮಾತ್ರ ಅಂತಿಮ ಆದೇಶದವರೆಗೆ ಹಿಡಿದಿಡಬೇಕು. ‘ತಾತ್ಕಾಲಿಕ’ ಎಂಬ ಪದ ಕೇಳಿ ಅದು ಅಷ್ಟೋ ಇಷ್ಟೋ ಎಂದು ಭಾವಿಸಬೇಡಿ. ನಿವೃತ್ತಿಯ ದಿನದವರೆಗಿನ ಅರ್ಹತಾ ಸೇವೆಗೆ ಸಲ್ಲುವ ಗರಿಷ್ಠ ಪಿಂಚಣಿಯವರೆಗೂ ಅದನ್ನು ಕೊಡಬಹುದು.

ಹಾಗಾದರೆ ನಡವಳಿ ಶುರುವಾಗುವುದು ಯಾವಾಗ? ನಿಮ್ಮ ಪ್ರಕರಣದ ತಿರುಳೆಲ್ಲ ಇಲ್ಲಿದೆ. ಕ್ರಿಮಿನಲ್ ಪ್ರಕರಣದಲ್ಲಿ ಮ್ಯಾಜಿಸ್ಟ್ರೇಟರು ವಿಚಾರಣೆಗೆ ಅಂಗೀಕರಿಸುವ ದೂರು ಅಥವಾ ಪೊಲೀಸ್ ವರದಿ ಸಲ್ಲಿಕೆಯಾದ ದಿನದಂದು ನಡವಳಿ ಆರಂಭವಾಯಿತೆಂದು ನಿಯಮವೇ ವಿವರಿಸಿದೆ. ಪೊಲೀಸ್ ವರದಿಯೆಂದರೆ ತನಿಖೆ ಮುಗಿಸಿ ನ್ಯಾಯಾಲಯಕ್ಕೆ ಕೊಡುವ ದೋಷಾರೋಪ ಪಟ್ಟಿಯೇ ಹೊರತು ತನಿಖೆಯ ಬಾಗಿಲು ತೆರೆಯುವ ಎಫ್‌ಐಆರ್ ಅಲ್ಲ. ಬಡ್ತಿಗೆ ಸಂಬಂಧಿಸಿದ ಕೆ.ವಿ. ಜಾನಕಿರಾಮನ್ ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ 1991ರಲ್ಲಿ ಇದೇ ಗೆರೆ ಎಳೆದಿತ್ತು. ಆದ್ದರಿಂದ ಇಂದಿನ ಸ್ಥಿತಿಯಲ್ಲಿ ನಿಮ್ಮ ಗ್ರ್ಯಾಚುಟಿಯನ್ನೂ ತಡೆಯಲು ಆಧಾರವಿಲ್ಲ. ಜಿಪಿಎಫ್ ಅಂತೂ ನೀವೇ ಕೂಡಿಟ್ಟ ಹಣ. 1925ರ ಭವಿಷ್ಯ ನಿಧಿ ಕಾಯ್ದೆ ಅದನ್ನು ನ್ಯಾಯಾಲಯದ ಜಪ್ತಿಯಿಂದಲೂ ರಕ್ಷಿಸಿದೆ.

ಒಂದು ಎಚ್ಚರಿಕೆ ಹೇಳಲೇಬೇಕು. ಜಾರ್ಖಂಡ್ ಸರ್ಕಾರ ಮತ್ತು ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರಲ್ಲಿ ಕೊಟ್ಟ ತೀರ್ಪನ್ನು ಹಿಡಿದುಕೊಂಡು, ಕೇಸು ನಡೆಯುತ್ತಿದ್ದರೂ ಗ್ರ್ಯಾಚುಟಿ ಕೊಡಲೇಬೇಕೆಂದು ವಾದಿಸುವವರು ಬಹಳ ಮಂದಿ ಇದ್ದಾರೆ. ಪಿಂಚಣಿ, ಗ್ರ್ಯಾಚುಟಿಗಳು ಸಂವಿಧಾನದ 300-ಎ ವಿಧಿಯಡಿ ಆಸ್ತಿ, ಅವನ್ನು ಕೇವಲ ಆಡಳಿತಾತ್ಮಕ ಸುತ್ತೋಲೆಯ ಬಲದಿಂದ ತಡೆಯಲಾಗದು ಎಂದು ಆ ತೀರ್ಪು ಹೇಳಿದ್ದು ನಿಜ. ಆದರೆ ಅಲ್ಲಿ ತಡೆಯುವುದಕ್ಕೆ ನಿಯಮವೇ ಇರಲಿಲ್ಲ. ನಮ್ಮಲ್ಲಿ 214-ಎ ಇದೆ. ನಾಳೆ ದೋಷಾರೋಪ ಪಟ್ಟಿ ಸಲ್ಲಿಕೆಯಾದರೆ ಗ್ರ್ಯಾಚುಟಿಯ ಮಟ್ಟಿಗೆ ನಿಮ್ಮ ವಾದ ದುರ್ಬಲವಾಗುತ್ತದೆ. ಸಾರ್ವಜನಿಕ ಹಣಕ್ಕೆ ನಷ್ಟವಾಗಿದ್ದರೆ ವಸೂಲಿಗೆ ಏನಾದರೂ ಉಳಿದಿರಬೇಕೆಂಬ ಆ ನಿಯಮವನ್ನು ನಾನು ಅನ್ಯಾಯವೆನ್ನಲಾರೆ. ನನ್ನ ಆಕ್ಷೇಪವಿರುವುದು ನಿಯಮವನ್ನು ಓದದೆ ಎಲ್ಲಕ್ಕೂ ಬೀಗ ಹಾಕುವುದಕ್ಕೆ. ಕಂದಾಯ ಭೂಮಿ ಎಲ್ಲಿ ಮುಗಿದು ಕಾಡು ಎಲ್ಲಿ ಶುರುವಾಗುತ್ತದೆಂಬುದೇ ತಕರಾರಾಗಿರುವ ಮಲೆನಾಡಿನಲ್ಲಿ, ಸ್ಥಳ ಪರಿಶೀಲನೆಗೆ ಸಹಿ ಹಾಕಿದ ಯಾವ ನೌಕರನ ಮೇಲಾದರೂ ದೂರು ಬರಬಹುದು.

ಈ ವಾರವೇ ಕಚೇರಿ ಮುಖ್ಯಸ್ಥರಿಗೆ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಯಾವ ನಿಯಮದಡಿ, ಯಾರ ಆದೇಶದಂತೆ ತಡೆಹಿಡಿಯಲಾಗಿದೆ ಎಂಬುದಕ್ಕೆ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಕೇಳಿ. ದೋಷಾರೋಪ ಪಟ್ಟಿ ಸಲ್ಲಿಕೆಯಾಗಿಲ್ಲವೆಂಬುದನ್ನು ಸ್ಪಷ್ಟವಾಗಿ ನಮೂದಿಸಿ, ಕಡತವನ್ನು ಪಿಂಚಣಿ ದೃಢೀಕರಿಸುವ ಬೆಂಗಳೂರಿನ ಮಹಾಲೇಖಪಾಲರ ಕಚೇರಿಗೆ ಕಳುಹಿಸುವಂತೆ ಕೋರಿ. ತಿರಸ್ಕರಿಸಿದರೆ ಆ ಆದೇಶದ ದಿನದಿಂದ ಒಂದು ವರ್ಷದೊಳಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಉತ್ತರವೇ ಬಾರದಿದ್ದರೆ ಮನವಿ ಕೊಟ್ಟು ಆರು ತಿಂಗಳು ಕಳೆದ ಬಳಿಕ ಒಂದು ವರ್ಷದ ಅವಕಾಶವಿರುತ್ತದೆ. ಬಾಯಿಮಾತಿನ ಉತ್ತರಕ್ಕೆ ಸುಮ್ಮನಾದಷ್ಟೂ ನಷ್ಟ ನಿಮಗೇ.

ಪ್ರಶ್ನೆ: ನಿವೃತ್ತ ಪತಿಯ ವಿರುದ್ಧ ಕ್ರಿಮಿನಲ್ ಪ್ರಕರಣದ ವಿಚಾರಣೆ ನಡೆಯುತ್ತಿರುವಾಗಲೇ ಅವರು ತೀರಿಕೊಂಡರು. ತಡೆಹಿಡಿದ ಗ್ರ್ಯಾಚುಟಿ ನಮಗೆ ಸಿಗುವುದೇ?
– ಓದುಗರು, ಸಾಗರ

ಉತ್ತರ: ಆರೋಪಿಯ ಮರಣದೊಂದಿಗೆ ಅವರ ಮೇಲಿನ ವಿಚಾರಣೆ ಕೊನೆಗೊಳ್ಳುತ್ತದೆ, ಅಪರಾಧ ಸಾಬೀತಾಗದೆ ಪ್ರಕರಣ ಮುಗಿದಂತೆ. ಪ್ರಕರಣ ಮುಗಿಸಿದ ನ್ಯಾಯಾಲಯದ ಆದೇಶದ ದೃಢೀಕೃತ ಪ್ರತಿಯನ್ನು ಮರಣ ಪ್ರಮಾಣಪತ್ರದೊಂದಿಗೆ ಕಚೇರಿಗೆ ಸಲ್ಲಿಸಿ, ಗ್ರ್ಯಾಚುಟಿಯನ್ನೂ ಕುಟುಂಬ ಪಿಂಚಣಿಯನ್ನೂ ಒಟ್ಟಿಗೇ ಕೇಳಿ. ಒಂದು ವೇಳೆ ಕೆಳ ನ್ಯಾಯಾಲಯದಲ್ಲಿ ಜೈಲು ಶಿಕ್ಷೆಯಾಗಿ, ಮೇಲ್ಮನವಿ ಬಾಕಿ ಇರುವಾಗ ಅವರು ತೀರಿಕೊಂಡಿದ್ದರೆ ವಿಷಯ ಬೇರೆ. ಆಗ ಮೇಲ್ಮನವಿ ಮುಂದುವರಿಸಲು ಪತ್ನಿಯಾಗಲಿ ಮಕ್ಕಳಾಗಲಿ ಮರಣದ 30 ದಿನಗಳೊಳಗೆ ಆ ನ್ಯಾಯಾಲಯದ ಅನುಮತಿ ಕೋರಬೇಕು. ನಿಮ್ಮದು ಆ ಬಗೆಯ ಪ್ರಕರಣವಾಗಿದ್ದರೆ ಇಂದೇ ವಕೀಲರನ್ನು ಕಾಣಿರಿ.