ಹೇಳಿದ್ದು ನಡಾವಳಿಯಲ್ಲಿ ಬರಲಿ

ಮುಳಬಾಗಿಲು ತಾಲ್ಲೂಕಿನ ಓದುಗರೊಬ್ಬರ ಪತ್ರದ ಸಾರ: ಊರ ಕೆರೆಗೆ ನೀರು ತರುವ ರಾಜಕಾಲುವೆ ಒತ್ತುವರಿಯಾಗಿದೆ. ಪಂಚಾಯಿತಿ ಸದಸ್ಯರಿಗೂ ಶಾಸಕರಿಗೂ ಕಂಡಾಗಲೆಲ್ಲ ಹೇಳಿದ್ದಾಯಿತು, ‘ನೋಡೋಣ’ ಎಂಬುದರಾಚೆ ಏನೂ ಆಗಿಲ್ಲ. ಐದು ವರ್ಷಕ್ಕೊಮ್ಮೆ ಮತ ಹಾಕುವುದು ಬಿಟ್ಟರೆ ನಮ್ಮಂಥವರ ಮಾತಿಗೆ ಬೆಲೆ ಎಲ್ಲಿದೆ?

ಮಾನ್ಯರೇ,

ನಿಮ್ಮ ಬೇಸರ ನ್ಯಾಯವಾದುದೇ. ಆದರೆ ಈವರೆಗೆ ನೀವು ಹೇಳಿದ್ದೆಲ್ಲ ಬಾಯಿಮಾತು. ಅದನ್ನು ಮರೆತವರನ್ನು ಯಾವ ಮೇಲಧಿಕಾರಿಯೂ ಪ್ರಶ್ನಿಸಲಾರರು.

1993ರ ಪಂಚಾಯತ್ ರಾಜ್ ಕಾಯ್ದೆಯಂತೆ ಗ್ರಾಮಸಭೆ ಆರು ತಿಂಗಳಿಗೊಮ್ಮೆಯಾದರೂ ಸೇರಬೇಕು. ಮತದಾರರ ಪಟ್ಟಿಯಲ್ಲಿ ಹೆಸರಿರುವ ಪ್ರತಿಯೊಬ್ಬರೂ ಅದರ ಸದಸ್ಯರು. ಬಹಳ ಕಡೆ ಆ ಸಭೆ ಫಲಾನುಭವಿಗಳ ಪಟ್ಟಿ ಓದುವುದರಲ್ಲೇ ಮುಗಿದುಹೋಗುತ್ತದೆ ಎಂಬುದನ್ನು ನಾವೂ ಬಲ್ಲೆವು. ಆದ್ದರಿಂದಲೇ ಒಬ್ಬರೇ ಹೋಗಬೇಡಿ. ಕೆರೆಯ ಅಚ್ಚುಕಟ್ಟಿನ ರೈತರನ್ನೂ ಸ್ತ್ರೀಶಕ್ತಿ ಸಂಘದವರನ್ನೂ ಕರೆದುಕೊಂಡು ಹೋಗಿ, ಕಾಲುವೆಯ ಸರ್ವೆ ಮಾಡಿಸಿ ಒತ್ತುವರಿ ತೆರವುಗೊಳಿಸಬೇಕೆಂದು ತಹಶೀಲ್ದಾರರನ್ನು ಕೋರುವ ನಿರ್ಣಯವನ್ನು ಮಂಡಿಸಿ, ಅದು ನಡಾವಳಿ ಪುಸ್ತಕದಲ್ಲಿ ದಾಖಲಾಗುವವರೆಗೆ ಎದ್ದು ಬರಬೇಡಿ. ತಾಲ್ಲೂಕು ಕಚೇರಿಗೆ ಪ್ರತ್ಯೇಕ ಮನವಿ ಕೊಟ್ಟು, ಮುದ್ರೆಯಿರುವ ಸ್ವೀಕೃತಿ ಪಡೆಯಿರಿ.

ಆಮೇಲೂ ಮೌನವೇ ಉತ್ತರವಾದರೆ 2005ರ ಮಾಹಿತಿ ಹಕ್ಕು ಕಾಯ್ದೆಯಿದೆ. ಶುಲ್ಕ ಹತ್ತು ರೂಪಾಯಿ, ಉತ್ತರಕ್ಕೆ 30 ದಿನ, ಬಾರದಿದ್ದರೆ ಮೇಲ್ಮನವಿ. ಒಂದು ಅರ್ಜಿಯಲ್ಲಿ ಒಂದೇ ವಿಷಯವಿರಲಿ. ‘ಏಕೆ ಕ್ರಮ ಕೈಗೊಂಡಿಲ್ಲ’ ಎಂದು ಕೇಳಿದರೆ ಜಾರಿಕೊಳ್ಳಲು ದಾರಿ ಮಾಡಿಕೊಟ್ಟಂತೆ. ಕಾಲುವೆಯ ಹಾದಿ ತೋರಿಸುವ ಗ್ರಾಮ ನಕಾಶೆಯ ಪ್ರತಿಯನ್ನೂ ನಿಮ್ಮ ಮನವಿಯ ಮೇಲೆ ಯಾವ ದಿನ ಯಾರು ಏನು ಟಿಪ್ಪಣಿ ಬರೆದಿದ್ದಾರೆಂಬ ಕಡತದ ಪ್ರತಿಯನ್ನೂ ಕೇಳಿ.

ಕಾಗದವೊಂದರಿಂದಲೇ ಎಲ್ಲವೂ ಆಗುತ್ತದೆಂದು ನಾವು ಹೇಳುತ್ತಿಲ್ಲ. ಶಾಶ್ವತ ನೀರಾವರಿಗಾಗಿ ಅವಿಭಜಿತ ಕೋಲಾರ ಜಿಲ್ಲೆಯ ಜನ ವರ್ಷಗಟ್ಟಲೆ ಧರಣಿ ಕೂತರು, 2016ರ ಮಾರ್ಚ್‌ನಲ್ಲಿ ಟ್ರ್ಯಾಕ್ಟರುಗಳಲ್ಲಿ ಬೆಂಗಳೂರಿನತ್ತ ಹೊರಟರು. 2018ರಲ್ಲಿ ಬೆಂಗಳೂರಿನ ಕೆ.ಸಿ. ವ್ಯಾಲಿಯ (ಕೋರಮಂಗಲ–ಚಲ್ಲಘಟ್ಟ ಕಣಿವೆಯ) ಸಂಸ್ಕರಿಸಿದ ಕೊಳಚೆ ನೀರು ಕೋಲಾರದ ಕೆರೆಗಳಿಗೆ ಹರಿಯಿತು. ಲಕ್ಷ್ಮೀಸಾಗರ ಕೆರೆಯಲ್ಲಿ ನೊರೆ ಕಾಣಿಸಿಕೊಂಡಾಗ ಹೋರಾಟಗಾರರು ಹೈಕೋರ್ಟಿಗೆ ಹೋದರು, ನೀರಿಗೆ ತಡೆ ಬಂತು. ಬಳಿಕ ಆ ತಡೆ ಉಳಿಯಲಿಲ್ಲ. ಎರಡು ಹಂತದ ಶುದ್ಧೀಕರಣ ಸಾಲದು, ಮೂರನೇ ಹಂತವೂ ಆಗಬೇಕೆಂಬ ಬೇಡಿಕೆಯನ್ನು ಮಾತ್ರ ಜನ ಕೈಬಿಡಲಿಲ್ಲ. ಬೀದಿಗಿಳಿದ ಜನ ನೀರು ಬೇಕೆಂಬ ಕೂಗನ್ನು ವಿಧಾನಸೌಧಕ್ಕೆ ತಲುಪಿಸಿದರು. ಬಂದ ನೀರು ಎಂಥದೆಂಬ ಪ್ರಶ್ನೆಗೆ ನ್ಯಾಯಾಲಯದಲ್ಲಿ ಬೇಕಾದದ್ದು ಪ್ರಯೋಗಾಲಯದ ವರದಿ. ನಿಮ್ಮ ಕಾಲುವೆಗೂ ಎರಡೂ ಬೇಕು. ನಮ್ಮ ಅಭಿಪ್ರಾಯದಲ್ಲಿ ಮೊದಲು ಬೇಕಾದದ್ದು ನಕಾಶೆ. ಅದು ಕೈಯಲ್ಲಿಲ್ಲದೆ ಧರಣಿ ಕೂತರೆ ಒತ್ತುವರಿದಾರರು ಅದನ್ನು ಊರ ಜಗಳವೆಂದು ತೋರಿಸಿಬಿಡುತ್ತಾರೆ.

ಸ್ವೀಕೃತಿಯ ಒಂದು ಪ್ರತಿಯನ್ನು ನಮಗೂ ಕಳುಹಿಸಿಕೊಡಿ. ಗಡುವು ಮುಗಿದ ಮೇಲೂ ಉತ್ತರ ಬಾರದಿದ್ದರೆ, ಸಂಬಂಧಪಟ್ಟ ಕಚೇರಿಯ ವಿವರಣೆ ಕೇಳಿ ಎರಡನ್ನೂ ಪ್ರಕಟಿಸುತ್ತೇವೆ.

– ಸಂಪಾದಕ